ಮಳೆಯಲ್ಲಿ ಗಿಟಾರ್ ಹಿಡಿದವಳು

ನಮ್ಮ ಮಗ್ಗೆಯಲ್ಲಿ ಪುನರ್ವಸು ಮಳೆ ಹಿಡಿಯಿತೆಂದರೆ ಮನೆಯೊಳಗೇ ದಿನ ಕಳೆಯಬೇಕು. ಕರೆಂಟು ಹೋಗುತ್ತದೆ. ಒಗೆದ ಬಟ್ಟೆ ಒಲೆಯ ಮೇಲಿನ ಹಗ್ಗದಲ್ಲಿ ಹೊಗೆ ಕುಡಿಯುತ್ತಿರುತ್ತದೆ. ಅಂಥದೊಂದು ಸಂಜೆ ರಜೆಗೆ ಬಂದಿದ್ದ ಮಗಳು, "ಅಮ್ಮಾ, ಇಲ್ಲೊಂದು ಮಳೆ ನೋಡು ಬಾ" ಎಂದು ತನ್ನ ಫೋನನ್ನು ನನ್ನ ಮುಂದೆ ಹಿಡಿದಳು.

ಅದು ಇಂಗ್ಲೆಂಡಿನ ಮ್ಯಾಂಚೆಸ್ಟರಿನಲ್ಲಿ ರೈಲು ಬರುವುದೇ ನಿಂತುಹೋಗಿದ್ದ ಹಳೆಯ ಸ್ಟೇಷನ್ನು. 1964ರ ಮೇ ತಿಂಗಳು. ಒಂದು ಪ್ಲಾಟ್‌ಫಾರಂ ಮೇಲೆ ಜನ, ಎದುರಿನದರ ಮೇಲೆ ಹಾಡುವವರು. ಮಳೆ ಬಂದು ನೆಲವೆಲ್ಲ ಒದ್ದೆ. ಕುದುರೆಗಾಡಿಯಿಂದ ಕೋಟು ತೊಟ್ಟ ಕಪ್ಪು ಹೆಂಗಸೊಬ್ಬಳು ಇಳಿದಳು. ವಯಸ್ಸು ಐವತ್ತರ ಹತ್ತಿರ. ಎಲೆಕ್ಟ್ರಿಕ್ ಗಿಟಾರನ್ನು ಹೆಗಲಿಗೆ ಹಾಕಿಕೊಂಡು, ಬೈಬಲಿನ ನೋಹನ ಕಾಲದ ಪ್ರಳಯದ ಮಳೆಯ ಹಾಡನ್ನೇ ಎತ್ತಿಕೊಂಡಳು! ರಾಕ್ ಎಂದರೆ ಕೂದಲು ಬಿಟ್ಟ ಹುಡುಗರ ಗಲಾಟೆ ಎಂದುಕೊಂಡಿದ್ದ ನಾನು ಒಲೆಯ ಮೇಲಿನ ಹಾಲನ್ನು ಮರೆತೆ. ಆಕೆಯೇ ಸಿಸ್ಟರ್ ರೊಸೆಟ್ಟಾ ಥಾರ್ಪ್.

ರೊಸೆಟ್ಟಾ ಹುಟ್ಟಿದ್ದು 1915ರ ಮಾರ್ಚ್ 20ರಂದು, ಅಮೆರಿಕದ ಅರ್ಕಾನ್ಸಾ ರಾಜ್ಯದ ಕಾಟನ್ ಪ್ಲಾಂಟ್ ಎಂಬ ಊರಿನಲ್ಲಿ. ಹೆಸರಿಗೆ ತಕ್ಕಂತೆ ಹತ್ತಿ ಬೆಳೆಯುವ ಸೀಮೆ. ತಂದೆತಾಯಿ ಹತ್ತಿ ಬಿಡಿಸುವವರು. ತಾಯಿ ಕೇಟಿ ಬೆಲ್ ಮ್ಯಾಂಡೊಲಿನ್ ನುಡಿಸುತ್ತ ಚರ್ಚಿನ ಸಭೆಗಳಲ್ಲಿ ಹಾಡಿ ಉಪದೇಶ ಮಾಡುತ್ತಿದ್ದಳು. ಮಗಳು ಆರರ ಹೊತ್ತಿಗೆ ತಾಯಿಯ ಜೊತೆ ಊರೂರು ತಿರುಗಿ ಗಿಟಾರ್ ನುಡಿಸತೊಡಗಿದಳು. ಆಮೇಲೆ ಇಬ್ಬರೂ ಷಿಕಾಗೊ ಸೇರಿದರು. 1934ರಲ್ಲಿ ಒಬ್ಬ ಬೋಧಕನೊಡನೆ ಮದುವೆಯಾಯಿತು. ಆ ದಾಂಪತ್ಯ ಬಾಳಲಿಲ್ಲ. ಅವನ ಮನೆಹೆಸರು ಮಾತ್ರ ಕೊಂಚ ರೂಪ ಬದಲಿಸಿಕೊಂಡು ಕಡೆತನಕ ಉಳಿಯಿತು.

1938ರಲ್ಲಿ ರೊಸೆಟ್ಟಾ ನ್ಯೂಯಾರ್ಕಿಗೆ ಬಂದು ಕಾಟನ್ ಕ್ಲಬ್ಬಿನಲ್ಲಿ ಹಾಡಿದಳು. ಅದೇ ವರ್ಷ ಡೆಕ್ಕಾ ಕಂಪನಿಗೆ ರೆಕಾರ್ಡು ಕೊಟ್ಟಳು. ದೇವರ ಪದವನ್ನು ಕುಡಿತ ಕುಣಿತದ ಜಾಗಕ್ಕೆ ಒಯ್ದಳೆಂದು ಚರ್ಚಿನವರಿಗೆ ಸಿಟ್ಟು. ಅದು ನಮಗೆ ಅರ್ಥವಾಗದ ಸಿಟ್ಟಲ್ಲ. ದಾಸರ ಪದವನ್ನು ಹೆಂಡದಂಗಡಿಯ ಮುಂದೆ ಹಾಡಿದರೆ ನಮ್ಮ ಭಜನಾ ಮಂಡಳಿಯವರು ಸುಮ್ಮನಿರುತ್ತಾರೆಯೆ? ಊರೂರು ತಿರುಗುವಾಗ ಇನ್ನೊಂದು ಕಷ್ಟ. ಕಪ್ಪು ಜನರಿಗೆ ಹೋಟೆಲುಗಳಲ್ಲಿ ಜಾಗ ಕೊಡುತ್ತಿರಲಿಲ್ಲ. ಸಾವಿರಾರು ಜನ ಚಪ್ಪಾಳೆ ತಟ್ಟಿದ ರಾತ್ರಿಯೂ ಮಲಗುವುದು ಬಸ್ಸಿನಲ್ಲೇ.

ಭಕ್ತಿಗೀತೆಗೆ ಕುಣಿಯುವ ಲಯ ಕೊಟ್ಟು, ತಂತಿಯ ನಾದವನ್ನು ವಿದ್ಯುತ್ತಿನಿಂದ ಹಿಗ್ಗಿಸಿ, ತಾನು ಹಾಡಿದ ಸಾಲಿಗೆ ಗಿಟಾರಿನಿಂದಲೇ ಮರುಮಾತು ಹೇಳಿಸುವುದು ಆಕೆಯ ವಿದ್ಯೆ. 1944ರಲ್ಲಿ ಆಕೆ ಹಾಡಿದ ಒಂದು ರೆಕಾರ್ಡು ಮರುವರ್ಷ ಕಪ್ಪು ಜನರ ಸಂಗೀತದ ಪಟ್ಟಿಯಲ್ಲಿ ಎರಡನೆಯ ಸ್ಥಾನಕ್ಕೇರಿತು. ರಾಕ್ ಸಂಗೀತದ ಮೊದಲ ರೆಕಾರ್ಡು ಅದೇ ಎನ್ನುವವರಿದ್ದಾರೆ. 1947ರಲ್ಲಿ 14 ವರ್ಷದ ಹುಡುಗನೊಬ್ಬನ ಹಾಡು ಕೇಳಿ, ಅವನನ್ನು ತನ್ನ ವೇದಿಕೆಗೆ ಹತ್ತಿಸಿ ಹಾಡಿಸಿ, ಕೈಗೆ ಹಣವನ್ನೂ ಕೊಟ್ಟಳು. ಮುಂದೆ ಲೋಕವೆಲ್ಲ ಹಾಡಿಹೊಗಳಿದ ಲಿಟಲ್ ರಿಚರ್ಡ್ ಆತನೇ. 1951ರ ಜುಲೈ 3ರಂದು ವಾಷಿಂಗ್ಟನ್ನಿನ ಕ್ರೀಡಾಂಗಣದಲ್ಲಿ ಆಕೆಯ ಮೂರನೆಯ ಮದುವೆ. ಟಿಕೆಟ್ ಕೊಂಡು ಬಂದವರು 20,000ಕ್ಕೂ ಹೆಚ್ಚು. ಮದುವಣಗಿತ್ತಿ ಅದೇ ಉಡುಪಿನಲ್ಲಿ ನಿಂತು ಗಿಟಾರ್ ನುಡಿಸಿದಳು!

ಇಷ್ಟಾದರೂ ಆಕೆಗೆ ಸಿಕ್ಕ ದೊಡ್ಡ ಹೊಗಳಿಕೆ ಯಾವುದು ಗೊತ್ತೆ? "ಗಂಡಸಿನ ಹಾಗೆ ನುಡಿಸುತ್ತಾಳೆ." ಆಕೆಯಿಂದ ಕಲಿತ ಗಂಡಸರನ್ನು ಕಂಡು "ರೊಸೆಟ್ಟಾಳ ಹಾಗೆ ನುಡಿಸುತ್ತಾನೆ" ಎಂದವರು ಕಡಿಮೆ.

1970ರಲ್ಲಿ ಆಕೆಗೆ ಪಾರ್ಶ್ವವಾಯು ಬಡಿಯಿತು. ಸಕ್ಕರೆ ಕಾಯಿಲೆಯಿಂದ ಒಂದು ಕಾಲನ್ನೂ ತೆಗೆಯಬೇಕಾಯಿತು. 1973ರ ಅಕ್ಟೋಬರ್ 9ರಂದು ಫಿಲಡೆಲ್ಫಿಯಾದಲ್ಲಿ ತೀರಿಕೊಂಡಳು. ಸಮಾಧಿಗೆ ಹೆಸರು ಕೆತ್ತಿದ ಒಂದು ಕಲ್ಲೂ ಇಲ್ಲದೆ ಸುಮಾರು 35 ವರ್ಷ ಕಳೆಯಿತು. 2008ರಲ್ಲಿ ಅಭಿಮಾನಿಗಳು ಸಂಗೀತ ಕಚೇರಿ ನಡೆಸಿ ಹಣ ಕೂಡಿಸಿದ ಮೇಲೆ ಕಲ್ಲು ಬಂತು. ರಾಕ್ ಸಂಗೀತಗಾರರ ಗೌರವ ಪಟ್ಟಿಗೆ 1986ರಲ್ಲೇ ಲಿಟಲ್ ರಿಚರ್ಡ್, ಎಲ್ವಿಸ್ ಪ್ರೀಸ್ಲಿ, ಚಕ್ ಬೆರ್ರಿ ಸೇರಿದ್ದರು. ರೊಸೆಟ್ಟಾಳ ಹೆಸರು ಅಲ್ಲಿಗೆ ಬಂದದ್ದು 2018ರಲ್ಲಿ.

ಅಮೆರಿಕದವರನ್ನು ಅಂದು ಫಲವೇನು? 1902ರಲ್ಲಿ ಕಲ್ಕತ್ತೆಯಲ್ಲಿ ಗ್ರಾಮಫೋನಿಗೆ ಹಾಡಿ ದೇಶಕ್ಕೆಲ್ಲ ಹೆಸರಾದ ಗೌಹರ್ ಜಾನ್ 1928ರಲ್ಲಿ ಮೈಸೂರು ಅರಮನೆಯ ಗಾಯಕಿಯಾಗಿ ಬಂದರು. 1930ರ ಜನವರಿ 17ರಂದು ಮೈಸೂರಿನಲ್ಲೇ ಕಣ್ಣು ಮುಚ್ಚಿದರು. ಅವರ ಗೋರಿ ಇದೇ ಎಂದು ಬೆರಳು ಮಾಡಿ ತೋರಿಸಬಲ್ಲವರು ಇಂದು ಯಾರೂ ಇಲ್ಲ.

ಆ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ. ಬಹಳ ವರ್ಷದ ಹಿಂದೆ ಏಳನೆ ತರಗತಿಯ ಹುಡುಗಿಯೊಬ್ಬಳು, "ಮಿಸ್, ವಾರ್ಷಿಕೋತ್ಸವಕ್ಕೆ ನಾನು ತಬಲ ಬಾರಿಸ್ತೀನಿ" ಎಂದು ಕೇಳಿದ್ದಳು. ಬೆಂಚಿನ ಮೇಲೆ ಬಾರಿಸಿಯೂ ತೋರಿಸಿದಳು. ಚೆನ್ನಾಗಿಯೇ ಇತ್ತು. "ಅದು ಹುಡುಗರಿಗಿರಲಿ, ನೀನು ಕೋಲಾಟಕ್ಕೆ ಸೇರಿಕೊ" ಎಂದೆ. ಮರುಮಾತಾಡದೆ ಸೇರಿಕೊಂಡಳು.

ಬೆಳಿಗ್ಗೆ ಟ್ರಂಕು ತೆಗೆದು ಆ ವರ್ಷದ ಆಮಂತ್ರಣ ಪತ್ರಿಕೆ ಹುಡುಕಿದೆ. ತಬಲ ಎಂಬಲ್ಲಿ ಒಬ್ಬ ಹುಡುಗನ ಹೆಸರಿದೆ. ಕೋಲಾಟದ ಮುಂದೆ "ಏಳನೆ ತರಗತಿಯ ಬಾಲಕಿಯರು" ಎಂದಿದೆ, ಅಷ್ಟೆ. ಆ ಪತ್ರಿಕೆಯ ಕರಡು ತಿದ್ದಿದವಳು ನಾನೇ.