ಸೈಟಿನ ಬೆಲೆ, ಕಾಗದದ ಬೆಲೆ

ಕಳೆದ ವಾರ ಜಂಗಮಕೋಟೆಯಿಂದ ಚಿಕ್ಕಪ್ಪ ಫೋನ್ ಮಾಡಿದ್ದರು. ರೇಷ್ಮೆಗೂಡು ಮಾರಿ ಕೂಡಿಟ್ಟ ದುಡ್ಡಿನಲ್ಲಿ ಮಗನಿಗೆ ಅಂತ ಊರಲ್ಲೇ ಸೈಟು ನೋಡಿದ್ದಾರೆ. ಬೆಲೆ 12 ಲಕ್ಷ. ನಮ್ಮ ಮನೆತನದಲ್ಲಿ ಅವನೇ ಮೊದಲು ಸ್ವಂತ ಜಾಗ ಕೊಂಡು ಮನೆ ಕಟ್ಟುವವನು. "ಸೈಟಿನ ದುಡ್ಡು ಹೊಂದಿಸ್ಕೊಂಡೆ ಕಣಪ್ಪ, ರಿಜಿಸ್ಟ್ರೇಷನ್ನಿಗೇ ಇನ್ನೂ ಲಕ್ಷದ ಹತ್ತಿರ ಬೇಕಂತೆ! ಬೆಲೆ ಕಡಿಮೆ ಬರೆಸೋಣವಾ?" ಅಂದರು.

ಲೆಕ್ಕ ಹಾಕಿದೆ. ಮುದ್ರಾಂಕ ಶುಲ್ಕ ಶೇ 5, ಅಂದರೆ 60,000. ಅದರ ಮೇಲೆ ಶೇ 10 ಸೆಸ್, 6,000. ಹಳ್ಳಿಯಾದ್ದರಿಂದ ಶೇ 3 ಸರ್‌ಚಾರ್ಜ್, 1,800. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1 ಇದ್ದದ್ದು 2 ಆಗಿದೆ, ಅದು 24,000. ಒಟ್ಟು 91,800 ರೂಪಾಯಿ.

ಈ ತೆರಿಗೆಯ ಮೂಲ ಹುಡುಕಿದರೆ ಹಾಲೆಂಡ್‌ಗೆ ಹೋಗಬೇಕು. ಅಲ್ಲಿ 1624ರಲ್ಲಿ ಕಾಗದಕ್ಕೆ ಮುದ್ರೆ ಒತ್ತಿ ತೆರಿಗೆ ಕೇಳಿದರು. ಇಂಗ್ಲೆಂಡಿಗೆ 1694ರಲ್ಲಿ ಬಂತು. ಅಲ್ಲಿಂದ ಬ್ರಿಟಿಷರ ಜೊತೆ ನಮ್ಮಲ್ಲಿಗೂ ಬಂತು. 1899ರಲ್ಲಿ ಭಾರತದ ಮುದ್ರಾಂಕ ಕಾಯ್ದೆಯಾಯಿತು. ನಮ್ಮ ರಾಜ್ಯದ್ದು 1957ರ ಕಾಯ್ದೆ.

ಶುಲ್ಕ ಹೆಚ್ಚಿದ್ದ ಕಾಲದಲ್ಲಿ ಜನ ಕಂಡುಕೊಂಡ ದಾರಿಯೇ ಚಿಕ್ಕಪ್ಪ ಕೇಳಿದ್ದು. ಕೊಟ್ಟದ್ದು ಒಂದು, ಬರೆಸಿದ್ದು ಇನ್ನೊಂದು. ಅದನ್ನು ತಡೆಯಲು ಕಾಯ್ದೆಗೆ 45-ಎ ಕಲಮು ಸೇರಿತು, ಮಾರ್ಗಸೂಚಿ ಬೆಲೆ ಬಂತು. ಇನ್ನು ಛಾಪಾ ಕಾಗದದ ಕಥೆ ಎಲ್ಲರಿಗೂ ಗೊತ್ತು. ಖಾನಾಪುರದ ತೆಲಗಿ ನಕಲಿ ಕಾಗದ ಮಾರಿ 2001ರಲ್ಲಿ ಸಿಕ್ಕಿಬಿದ್ದ. 2003ರಲ್ಲಿ ರಾಜ್ಯ ಆ ಕಾಗದದ ಮಾರಾಟವನ್ನೇ ನಿಲ್ಲಿಸಿತು. ಶುಲ್ಕವನ್ನು ಶೇ 5ಕ್ಕೆ ಇಳಿಸಬೇಕೆಂಬುದು 2005ರ ಜೆನರ್ಮ್ ಯೋಜನೆಯ ಷರತ್ತುಗಳಲ್ಲಿ ಒಂದು.

ಹಾಗಾದರೆ ಮೊದಲ ಮನೆ ಕೊಳ್ಳುವವರಿಗೆ ಸಹಾಯವೇ ಇಲ್ಲವೇ? ಇದೆ, ಆದರೆ ಯಾರಿಗೆ ನೋಡಿ. 2020ರಲ್ಲಿ ರಾಜ್ಯ 20 ಲಕ್ಷದೊಳಗಿನ ಹೊಸ ಫ್ಲಾಟುಗಳ ಮೊದಲ ನೋಂದಣಿಗೆ ಶುಲ್ಕವನ್ನು ಶೇ 2ಕ್ಕೆ, 35 ಲಕ್ಷದವರೆಗಿನವಕ್ಕೆ ಶೇ 3ಕ್ಕೆ ಇಳಿಸಿತು. 2021ರಲ್ಲಿ ಈ ಶೇ 3 ಅನ್ನು 45 ಲಕ್ಷದವರೆಗೂ ವಿಸ್ತರಿಸಿತು. 2015ರ ಕೇಂದ್ರದ ಬಡ್ಡಿ ಸಹಾಯಧನ, ಗರಿಷ್ಠ 2.67 ಲಕ್ಷ, ನಗರಗಳ ಯೋಜನೆಯಡಿ ಬಂದದ್ದು. ಆದರೆ ನಮ್ಮಂಥ ಊರಲ್ಲಿ ಯಾರೂ ಫ್ಲಾಟು ಕೊಳ್ಳುವುದಿಲ್ಲ. ಸೈಟು ಕೊಂಡು, ಒಂದೊಂದು ಬೆಳೆಗೆ ಒಂದೊಂದು ಗೋಡೆ ಎಬ್ಬಿಸುತ್ತಾರೆ. 2016ರಲ್ಲಿ ಶುರುವಾದ ಪಿಎಂ ಗ್ರಾಮೀಣ ಆವಾಸ್ ಯೋಜನೆ ಬಯಲುಸೀಮೆಯಲ್ಲಿ 1.20 ಲಕ್ಷ ಕೊಡುವುದೂ ಕಟ್ಟಡಕ್ಕೆ, ಅದೂ ಪಟ್ಟಿಯಲ್ಲಿ ಹೆಸರಿದ್ದರೆ. ಜಾಗ ಕೊಳ್ಳುವ ಕಷ್ಟ ಅವರವರದೇ.

ಆದರೂ ಚಿಕ್ಕಪ್ಪನಿಗೆ ನಾನು ಹೇಳಿದ್ದು ಇಷ್ಟೇ. ಕಡಿಮೆ ಬರೆಸಬೇಡಿ. ಬ್ಯಾಂಕು ಸಾಲ ಕೊಡುವಾಗ ಪತ್ರದ ಬೆಲೆ ನೋಡುತ್ತದೆ. ನಾಳೆ ಭೂಸ್ವಾಧೀನವಾದರೆ, 2013ರ ಕಾಯ್ದೆಯ ಪ್ರಕಾರ ಪರಿಹಾರ ಕಟ್ಟುವಾಗ ಸುತ್ತಮುತ್ತಲಿನ ನೋಂದಾಯಿತ ಕ್ರಯಪತ್ರಗಳನ್ನೂ ನೋಡುತ್ತಾರೆ. ಹತ್ತು ಜನ ಕಡಿಮೆ ಬರೆಸಿದರೆ ಊರಿನ ನೆಲಕ್ಕೇ ಬೆಲೆ ಕಡಿಮೆ ಕಟ್ಟಿದಂತೆ. ಜಂಗಮಕೋಟೆ ಹೋಬಳಿಯವರಿಗೆ ಈ ಮಾತು ಬಿಡಿಸಿ ಹೇಳಬೇಕಿಲ್ಲ.

ಚಿಕ್ಕಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದರು. "ಆ ದುಡ್ಡಲ್ಲಿ ಒಂದು ರೂಮು ಏಳ್ತಿತ್ತಲ್ಲಪ್ಪ" ಅಂದರು. ನಿಜ. ಅದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ.