ಹೈಕೋರ್ಟ್ ಆದೇಶ ಕೈಲಿದ್ರೆ ಸಾಕಾ?

1️⃣ ನಮ್ಮ ದಾವಣಗೆರೆ, ಹರಿಹರದ ಎಷ್ಟೋ ಮನೆಗಳ ಬೀರುವಿನಲ್ಲಿ ಒಂದು ಹೈಕೋರ್ಟ್ ಆದೇಶ ಮಡಚಿ ಇಟ್ಟಿರ್ತಾರೆ. ಪಿಂಚಣಿದೋ, ಬಡ್ತಿದೋ, ಪರಿಹಾರದ್ದೋ. ಕೇಸ್ ಗೆದ್ದಾಗಿದೆ, ಆದ್ರೆ ಕಚೇರಿಯಲ್ಲಿ ಫೈಲ್ ಅಲ್ಲಾಡ್ತಿಲ್ಲ. ಆಗ ಯಾರಾದ್ರೂ ಹೇಳ್ತಾರೆ: "ನ್ಯಾಯಾಂಗ ನಿಂದನೆ ಹಾಕ್ಬಿಡಿ!" ಹಾಕಬಹುದು. ಆದ್ರೆ ಅದಕ್ಕೊಂದು ಕ್ರಮ ಇದೆ. ಆ ಕ್ರಮ ಎಲ್ಲಿಂದ ಬಂತು ಗೊತ್ತಾ?

2️⃣ 1926ರಲ್ಲಿ ಬ್ರಿಟಿಷ್ ಇಂಡಿಯಾಗೆ ಮೊದಲ ಕಾಯ್ದೆ ಬಂತು. ಗರಿಷ್ಠ ಶಿಕ್ಷೆ 6 ತಿಂಗಳು ಸಾದಾ ಸಜೆ, 2000 ರೂಪಾಯಿ ದಂಡ. ನಮ್ಮೂರು ಆಗ ಮೈಸೂರು ಸಂಸ್ಥಾನದಲ್ಲಿದ್ದಿದ್ದರಿಂದ ಅದು ಇಲ್ಲಿಗೆ ಅನ್ವಯಿಸ್ತಿರಲಿಲ್ಲ. 1952ರಲ್ಲಿ ಹೊಸ ಕಾಯ್ದೆ ಬಂತು. ಆದರೂ ಒಂದು ಪ್ರಶ್ನೆ ಉಳಿದಿತ್ತು: ನಿಂದನೆ ಆಗಿರೋದು ಕೋರ್ಟ್‌ಗೆ, ತೀರ್ಪು ಕೊಡೋದೂ ಕೋರ್ಟೇ. ಹಾಗಾದ್ರೆ ಆರೋಪಿಗೆ ರಕ್ಷಣೆ ಏನು? ಇದನ್ನೆಲ್ಲ ಪರಿಶೀಲಿಸೋಕೆ 1961ರಲ್ಲಿ ಎಚ್.ಎನ್. ಸನ್ಯಾಲ್ ಸಮಿತಿ ರಚನೆಯಾಯ್ತು, 1963ರಲ್ಲಿ ವರದಿ ಬಂತು. ಅದರ ಬೆನ್ನಲ್ಲೇ ಇವತ್ತಿನ 1971ರ ಕಾಯ್ದೆ.

3️⃣ 1971ರ ಕಾಯ್ದೆ ಎರಡು ವಿಧ ಮಾಡಿತು. ಆದೇಶವನ್ನು ಬೇಕಂತಲೇ ಪಾಲಿಸದಿದ್ದರೆ ಸಿವಿಲ್ ನಿಂದನೆ. ಕೋರ್ಟ್‌ನ ಘನತೆಗೆ ಧಕ್ಕೆ ತಂದರೆ ಅಥವಾ ನ್ಯಾಯದಾನಕ್ಕೆ ಅಡ್ಡಿ ಮಾಡಿದರೆ ಕ್ರಿಮಿನಲ್ ನಿಂದನೆ. ಖಾಸಗಿ ವ್ಯಕ್ತಿ ಕ್ರಿಮಿನಲ್ ನಿಂದನೆ ಅರ್ಜಿ ಹಾಕಬೇಕಾದರೆ ಅಡ್ವೊಕೇಟ್ ಜನರಲ್ ಅವರ ಲಿಖಿತ ಒಪ್ಪಿಗೆ ಬೇಕು. ಸಿವಿಲ್‌ಗೆ ಬೇಡ. ಆರೋಪಿಗೆ ನೋಟಿಸ್ ಹೋಗಬೇಕು, ಉತ್ತರಕ್ಕೆ ಅವಕಾಶ ಸಿಗಬೇಕು. ಶಿಕ್ಷೆಯಾದರೆ ಮೇಲ್ಮನವಿ ಹಕ್ಕೂ ಇದೆ.

4️⃣ ಇದು ಬರೀ ಪುಸ್ತಕದ ಮಾತಲ್ಲ. ಬೆಂಗಳೂರು ಪಾಲಿಕೆಯ ಎಂಜಿನಿಯರ್ ಟಿ.ಆರ್. ಧನಂಜಯ ಅವರ ಬಡ್ತಿ ವಿಚಾರದಲ್ಲಿ ಸುಪ್ರೀಂ ಕೋರ್ಟ್ ಆದೇಶ ಪಾಲನೆಯಾಗಲಿಲ್ಲ. 1995ರಲ್ಲಿ ಕರ್ನಾಟಕ ಸರ್ಕಾರದ ಕಾರ್ಯದರ್ಶಿ, ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಆ ಕೋರ್ಟ್ ಒಂದು ತಿಂಗಳ ಸಜೆ ವಿಧಿಸಿತು. ದೊಡ್ಡ ಕುರ್ಚಿಯೂ ಕಾಪಾಡಲಿಲ್ಲ.

5️⃣ ಈಗ ನಿಮ್ಮ ಮನೆಯ ಬೀರು ತೆಗೀರಿ. ಆದೇಶದಲ್ಲಿ ಎಷ್ಟು ದಿನದೊಳಗೆ ಪಾಲಿಸಬೇಕು ಅಂತ ಇದೆಯಾ ನೋಡಿ. ಸೆಕ್ಷನ್ 20ರ ಪ್ರಕಾರ ಉಲ್ಲಂಘನೆಯಾದ ದಿನದಿಂದ ಒಂದು ವರ್ಷ ದಾಟಿದರೆ ನಿಂದನೆ ಪ್ರಕ್ರಿಯೆ ಶುರು ಮಾಡೋ ಹಾಗಿಲ್ಲ. ವರ್ಷದೊಳಗೆ ಅರ್ಜಿ ಹಾಕಿದ್ರೆ ಸಾಕು ಅಂತ 2001ರಲ್ಲಿ ಪಲ್ಲವ್ ಶೇಠ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಹರಿಹರದ ಸಿವಿಲ್ ಕೋರ್ಟ್ ಹಣ ಕೊಡಿ ಅಂತ ಡಿಕ್ರಿ ಮಾಡಿದ್ದರೆ ಸಾಮಾನ್ಯವಾಗಿ ದಾರಿ ಬೇರೆ: ಅಮಲ್ಜಾರಿ ಅರ್ಜಿ.

"ಸಾಹೇಬ್ರು ಮುಂದಿನ ವಾರ ಮಾಡ್ತಾರಂತೆ" ಅಂತ ಕಾಯ್ತಾ ಕಾಯ್ತಾ ವರ್ಷ ಕಳೆದುಬಿಡುತ್ತೆ. ಗೆದ್ದ ಕಾಗದಕ್ಕೂ ಕ್ಯಾಲೆಂಡರ್ ಇದೆ. ಇವತ್ತೇ ದಿನಾಂಕ ನೋಡಿ, ವಕೀಲರಿಗೆ ತೋರಿಸಿ. ಇಂಥ ಆದೇಶ ಹಿಡ್ಕೊಂಡು ಕಾಯ್ತಿರೋರು ಗೊತ್ತಿದ್ರೆ ಅವರಿಗೂ ಕಳಿಸಿ.