ಮಲಾಕ್ಕಾ ಗುಡ್ಡದ ಖಾಲಿ ಗೋರಿ

ಆಫೀಸಿನ ಕೆಲಸಕ್ಕೆಂದು ಕ್ವಾಲಾಲಂಪುರಕ್ಕೆ ಹೋಗಿದ್ದಾಗ ಒಂದು ಭಾನುವಾರ ಬಿಡುವು ಸಿಕ್ಕಿತು. ಬಸ್ಸು ಹತ್ತಿ ಕಡಲ ಪಕ್ಕದ ಮಲಾಕ್ಕಾಕ್ಕೆ ಹೋದೆ. ಊರ ನಡುವಿನ ಸೇಂಟ್ ಪಾಲ್ ಗುಡ್ಡ ಹತ್ತಿದರೆ ನೆತ್ತಿಯಲ್ಲಿ ಮಾಡಿಲ್ಲದ ಒಂದು ಹಳೆಯ ಚರ್ಚು. ಅದರ ಗೋಡೆ ಮುಟ್ಟಿ ನೋಡಿದೆ. ಹೊನ್ನಾವರದ ನಮ್ಮ ಹಳೇ ಮನೆಗೆ ಹಾಕಿದಂಥದೇ ಕೆಂಪು ಚಿರೇಕಲ್ಲು!

ಹೊನ್ನಾವರಕ್ಕೂ ಈ ಊರಿಗೂ ದೂರದ ನಂಟೊಂದಿದೆ. 1510ರಲ್ಲಿ ಗೋವೆ ಹಿಡಿಯಲು ಆಲ್ಬುಕರ್ಕ್‌ಗೆ ನೆರವಾದವನು ಹೊನ್ನಾವರದ ತಿಮ್ಮಯ್ಯ, ಪೋರ್ಚುಗೀಸರ ಬಾಯಲ್ಲಿ ತಿಮೋಜ. ಮರುವರ್ಷವೇ ಆಲ್ಬುಕರ್ಕ್ ಮಲಾಕ್ಕಾವನ್ನೂ ಗೆದ್ದ. 1521ರಲ್ಲಿ ದುವಾರ್ತೆ ಕೊಯೆಲ್ಯೊ ಎಂಬ ಪೋರ್ಚುಗೀಸ್ ನಾಯಕ ಗುಡ್ಡದ ಮೇಲೆ ಮೇರಿ ಮಾತೆಗೆ ಪುಟ್ಟ ಗುಡಿ ಕಟ್ಟಿಸಿದ. ಮುಂದೆ ಅದು ಜೆಸ್ವಿಟ್ ಪಾದ್ರಿಗಳ ಕೈಸೇರಿ ದೊಡ್ಡ ಚರ್ಚಾಯಿತು.

1552ರ ಡಿಸೆಂಬರಿನಲ್ಲಿ ಫ್ರಾನ್ಸಿಸ್ ಝೇವಿಯರ್ ಚೀನಾದ ಕರೆಯ ದ್ವೀಪವೊಂದರಲ್ಲಿ ತೀರಿಕೊಂಡ. ಮರುವರ್ಷ ಅವನ ದೇಹವನ್ನು ಇಲ್ಲಿಗೆ ತಂದು ಹೂಳಿದರು. ಕೆಲವೇ ತಿಂಗಳಲ್ಲಿ ಹೊರತೆಗೆದು ಹಡಗಿನಲ್ಲಿ ಗೋವೆಗೆ ಒಯ್ದರು. ಈಗ ಅದು ಹಳೇ ಗೋವೆಯ ಬಾಮ್ ಜೀಸಸ್ ಚರ್ಚಿನಲ್ಲಿದೆ. ಮಲಾಕ್ಕಾದಲ್ಲಿ ಉಳಿದದ್ದು ತಂತಿಬಲೆ ಮುಚ್ಚಿದ ಒಂದು ಗುಂಡಿ. ಬಂದವರು ಅದರೊಳಗೆ ಚಿಲ್ಲರೆ ಎಸೆಯುತ್ತಾರೆ.

1641ರಲ್ಲಿ ಡಚ್ಚರು ಬಂದರು. ಚರ್ಚಿಗೆ ಸೇಂಟ್ ಪಾಲ್ ಎಂದು ಹೆಸರಿಟ್ಟು ತಾವೇ ಬಳಸಿದರು. 1753ರಲ್ಲಿ ಗುಡ್ಡದ ಬುಡದಲ್ಲಿ ಹೊಸ ಕ್ರೈಸ್ಟ್ ಚರ್ಚ್ ಎದ್ದ ಮೇಲೆ ನೆತ್ತಿಯ ಜಾಗ ತಮ್ಮವರನ್ನು ಹೂಳಲು ಉಳಿಯಿತು. ಆಮೇಲೆ ಬಂದ ಬ್ರಿಟಿಷರು ಅಲ್ಲಿ ಮದ್ದುಗುಂಡು ತುಂಬಿಟ್ಟರು, ಮುಂದುಗಡೆ ದೀಪಸ್ತಂಭ ಕಟ್ಟಿದರು. ಆಳೆತ್ತರದ ಗೋರಿಕಲ್ಲುಗಳು ಈಗ ಗೋಡೆಗೆ ಒರಗಿ ಸಾಲಾಗಿ ನಿಂತಿವೆ. ಜಪಾನಿನ ಎರಡನೇ ಬಿಷಪ್ ಪೀಟರನ ಕಲ್ಲೂ ಅಲ್ಲಿದೆ. ಅವನು ಸತ್ತದ್ದು 1598ರಲ್ಲಿ. ಇಳಿಜಾರಿನಲ್ಲಿ ಇನ್ನೊಂದು ಸ್ಮಶಾನವಿದೆ. ಹೆಸರು ‘ಡಚ್ ಸ್ಮಶಾನ’. ಆದರೆ ಅಲ್ಲಿನ 38 ಗೋರಿಗಳಲ್ಲಿ ಡಚ್ಚರವು ಐದು, ಮಿಕ್ಕ 33 ಬ್ರಿಟಿಷರವು. ಮಣ್ಣಿನೊಳಗೆ ಯಾರಿದ್ದರೂ ಮೊದಲು ಬಂದವರ ಹೆಸರೇ ನಿಂತುಬಿಟ್ಟಿದೆ.

ಆ ಖಾಲಿ ಗುಂಡಿಯ ಮುಂದೆ ನಿಂತಾಗ ನನಗೆ ಅಪ್ಪನ ನೆನಪಾಯಿತು. ಅವರು ಡೊಂಬಿವಲಿಯಲ್ಲಿ ತೀರಿಕೊಂಡಾಗ ಅಸ್ಥಿಯನ್ನು ಶರಾವತಿಯಲ್ಲೇ ಬಿಡಬೇಕೆಂದು ಆಯಿ ಹಟ ಹಿಡಿದಿದ್ದಳು. ರಾತ್ರಿಯಿಡೀ ರೈಲಿನಲ್ಲಿ ಕುಡಿಕೆಯನ್ನು ತೊಡೆಯ ಮೇಲಿಟ್ಟುಕೊಂಡು ಹೋಗಿದ್ದೆ. ಅದೇ ಆಯಿ ಈಗ ಬೇರೆ ಮಾತಾಡುತ್ತಾಳೆ: “ನಂದು ಇಲ್ಲೇ ಎಲ್ಲಾದ್ರೂ ಬಿಟ್ಬಿಡು ಮಾರಾಯ. ನಲವತ್ತು ವರ್ಷ ನೀರು ತುಂಬಿದ್ದು ಇಲ್ಲಿ, ಬಾಗಿಲಿಗೆ ರಂಗೋಲಿ ಹಾಕಿದ್ದು ಇಲ್ಲಿ. ಊರಲ್ಲಿ ಈಗ ನನ್ನ ಗುರುತು ಹಿಡಿಯೋರು ಯಾರಿದ್ದಾರೆ?”

ಹಾಗೆಲ್ಲ ಮಾತಾಡಬೇಡ ಎಂದು ಅವಳ ಬಾಯಿ ಮುಚ್ಚಿಸುತ್ತಲೇ ಬಂದಿದ್ದೇನೆ. ಊರು ಬಿಟ್ಟವರನ್ನು ಕೊನೆಗಾದರೂ ಊರಿಗೆ ಮುಟ್ಟಿಸಬೇಕು ಎಂಬುದು ನನ್ನ ಲೆಕ್ಕ. ಆದರೆ ಝೇವಿಯರ್ ಹುಟ್ಟಿದ್ದು ಇಂದಿನ ಸ್ಪೇನಿನ ನವಾರದಲ್ಲಿ. ಗುಂಡಿಯಿಂದೆತ್ತಿದವರು ಅವನನ್ನು ಅಲ್ಲಿಗೆ ಒಯ್ಯಲಿಲ್ಲ. ಅವನು ದುಡಿದ ಗೋವೆಗೆ ಒಯ್ದರು.

ಗುಡ್ಡ ಇಳಿದು ಬಸ್‌ಸ್ಟ್ಯಾಂಡಿನಿಂದಲೇ ಆಯಿಗೆ ಫೋನು ಮಾಡಿದೆ. “ಊಟ ಆಯ್ತಾ?” ಎಂದಳು. ಆಯ್ತು ಎಂದೆ. ಉಳಿದ ಮಾತನ್ನು ಮನೆಗೆ ಹೋಗಿ, ಅವಳ ಎದುರಿಗೆ ಕೂತು ಆಡಬೇಕು. ಈ ಸಲ ಬಾಯಿ ಮುಚ್ಚಿಸದೆ ಕೇಳಬೇಕು.